ವಾರಸುದಾರರ ಮೂಲಕ

ಕೇಸಿನ ಕಟ್ಟಿನ ಮೇಲೆ ಇನ್ನೂ ತಾತನದೇ ಹೆಸರು:
ಗುಳ್ಳಪ್ಪ ಬಿನ್ ಕದಿರಪ್ಪ, ಮೃತ,
ವಾರಸುದಾರರ ಮೂಲಕ.

ಒಂದು (ಎ) ನಮ್ಮಪ್ಪ. ಅವನೂ ಹೋದ ಮೇಲೆ
ಆವರಣದೊಳಗೆ ಇನ್ನೊಂದು ಆವರಣ ತೆರೆದು
ನನ್ನನ್ನು ಕೂರಿಸಿದರು.
ಒಂದು (ಬಿ) ಚಿಕ್ಕಪ್ಪ, ಬಿಪಿ ಮಾತ್ರೆ ಮರೆತು ಬಂದವನು.
ಒಂದು (ಸಿ) ಅಕ್ಕಯ್ಯತ್ತೆ,
ಚಪ್ಪಲಿ ಹೊರಗೆ ಬಿಡಬೇಕಾ ಎಂದು
ಅಠಾರ ಕಚೇರಿಯ ಪೊಲೀಸನನ್ನು ಪ್ರತಿಸಲ ಕೇಳುವವಳು.

ಹೆಣ್ಣೂರಿನಾಚೆ, ಸರ್ವೆ ನಂಬರು ನಲವತ್ತೊಂದರ ಮೂರು,
ಎರಡು ಎಕರೆ ಹನ್ನೊಂದು ಗುಂಟೆ, ಖರಾಬು ಬಿಟ್ಟು.
ಯಥಾಸ್ಥಿತಿ ಕಾಪಾಡಿ ಎಂದು ಆದೇಶವಿದೆ.
ಅಣ್ಣೆಸೊಪ್ಪಿಗೆ ಯಾರೂ ನೋಟಿಸು ಕೊಟ್ಟಿಲ್ಲ,
ಅದು ಮಳೆ ಬಿದ್ದಾಗಲೆಲ್ಲ ಸ್ಥಿತಿ ಕೆಡಿಸುತ್ತದೆ.
ಅತ್ತೆ ಮಡಿಲು ತುಂಬ ಕಿತ್ತು ತರುತ್ತಾಳೆ,
ವಕೀಲರಿಗೆ ಹೇಳಬೇಡ ಅನ್ನುತ್ತಾಳೆ.

ನಮೂನೆ ಏಳಕ್ಕೆ ತಾತ ಹೆಬ್ಬೆಟ್ಟೊತ್ತಿದ್ದು ಎಪ್ಪತ್ತಾರರಲ್ಲಿ.
ಕುಡುಗೋಲು ಕೊಯ್ದ ಗೆರೆಯೊಂದು
ಅದರ ನಡುವೆ ಬಿಳಿಯಾಗಿ ಹಾದಿತ್ತಂತೆ.
ಜೆರಾಕ್ಸಿನ ಜೆರಾಕ್ಸಿನ ಜೆರಾಕ್ಸಿನಲ್ಲಿ
ಈಗ ಬರೀ ಹುಣಿಸೆ ಬೀಜ.

ನ್ಯಾಯಮಂಡಳಿಯಲ್ಲಿ ಕೇಳಿದ್ದರು: ಗೇಣಿ ಕೊಟ್ಟದ್ದಕ್ಕೆ ರಶೀದಿ?
ಅತ್ತೆ ಕಟಕಟೆಗೆ ಒರಗದೆ ನಿಂತು ಹೇಳಿದ್ದಳು:
"ರಸೀತಿ ಯಾರು ಕೊಡ್ತಿದ್ರು ಸ್ವಾಮಿ?
ಅಯ್ನೋರು ರಾಗಿ ಅಳಿಸ್ಕಂಡು ಕಣಜದ ಗೋಡೆ ಮ್ಯಾಲೆ
ಇದ್ಲಲ್ಲಿ ಗೀಟೆಳೀತಿದ್ರು. ಕೊಳಗಕ್ಕೊಂದು ಗೀಟು.
ಐದನೇದು ಅಡ್ಡಗೀಟು.
ನಾನು ಎಣಿಸೋದು ಕಲ್ತಿದ್ದೇ ಆ ಗೋಡೇಲಿ."
ಗುಮಾಸ್ತ ಬರೆದುಕೊಂಡ:
ದಾಖಲೆ ಇಲ್ಲ.

ಇವತ್ತು ಹಾಲಿನ ಹೊರಗೆ, ಅದೇ ಬೆಂಚಿನ ಇನ್ನೊಂದು ತುದಿಗೆ
ಪ್ರತಿವಾದಿ ಮೂರು, ಪ್ರಹ್ಲಾದರಾಯರು.
ನಮ್ಮ ಕೇಸು ನಡೆದಷ್ಟೂ ಕಾಲ
ವಾಚು ಕಾರ್ಖಾನೆಯಲ್ಲಿ ಮುಳ್ಳು ಕೂರಿಸಿ ನಿವೃತ್ತರಾದವರು.
ಕೋಡುಬಳೆಯ ಡಬ್ಬಿ ಅತ್ತೆಯ ಕಡೆ ಸರಿಸಿದರು.
ಅವಳು ಒಂದು ತೆಗೆದುಕೊಂಡಳು, ತಿನ್ನಲಿಲ್ಲ.

"ಆ ಗೋಡೆಗೆ ಸುಣ್ಣ ಹೊಡೆಸಿದ್ದು ನಾನೇ, ಅಕ್ಕಯ್ಯಮ್ಮ.
ನಮ್ಮಣ್ಣನ ಮದುವೆಗೆ.
ಎರಡು ಸಲ ಬಳಿದರೂ ನಿಮ್ಮ ರಾಗಿ
ಒಳಗಿಂದ ಕಪ್ಪಗೆ ಉಕ್ಕಿ ಬರ್ತಿತ್ತು."

ನಾನು ಕೇಳಿದೆ, ಇದನ್ನು ಒಳಗೆ ಹೇಳುತ್ತೀರಾ?

ಅವರು ಕೈಗಡಿಯಾರಕ್ಕೆ ಕೀ ಕೊಟ್ಟರು.
ಮೊದಲೇ ಕೊಟ್ಟಿದ್ದರೇನೋ, ಅದು ತಿರುಗಲಿಲ್ಲ.
"ನಮ್ಮ ಕಡೆಯೂ ಒಂಬತ್ತು ಜನ ಇದ್ದಾರಮ್ಮ.
ನನ್ನೊಬ್ಬನ ಗೋಡೆಯಲ್ಲ ಅದು."

ಫಲಕದ ಮೇಲೆ ನಮ್ಮ ನಂಬರು ಹೊಳೆಯಿತು.
ಓಡಿದೆವು. ಚಿಕ್ಕಪ್ಪ ಹಿಂದುಳಿದ.
ಒಳಗೆ ಎಲ್ಲ ಇಂಗ್ಲಿಷಿನಲ್ಲಿ, ತೆಂಗಿನಕಾಯಿ ಒಡೆದಷ್ಟು ಹೊತ್ತು.
ಪ್ರತಿವಾದಿ ಎರಡು ತೀರಿಕೊಂಡಿದ್ದಾರೆ,
ಅವರ ವಾರಸುದಾರರನ್ನು ದಾಖಲೆಗೆ ತರಬೇಕು,
ನಾಲ್ಕು ವಾರ.

"ಯಾರು ಸತ್ತಿದ್ದು?" ಅತ್ತೆ ನನ್ನ ತೋಳು ಹಿಡಿದಳು.
ಹೇಳಿದೆ.
ಅವಳು ಕಂಬದ ಪಕ್ಕ ನಿಂತಿದ್ದ ರಾಯರ ಹತ್ತಿರ ಹೋಗಿ
ಸೆರಗು ತಲೆಗೆಳೆದುಕೊಂಡಳು:
"ಮದ್ವೆಯಾದ ಆ ಅಣ್ಣನಾ?
ಒಂದು ಮಾತು ಹೇಳಿ ಕಳಿಸ್ಬಾರ್ದಾಗಿತ್ತಾ ಸ್ವಾಮಿ."
ನಲವತ್ತೆಂಟು ವರ್ಷದ ಎದುರಾಳಿ
ಕರವಸ್ತ್ರ ಹುಡುಕುತ್ತ ಎಲ್ಲ ಜೇಬು ತಡಕಿದರು.

ಬಸ್ಸಿನಲ್ಲಿ ಕಿಟಕಿಯ ಕಡೆ ತಿರುಗಿಯೇ ಕೇಳಿದಳು:
"ನಂಗೆ ಮಕ್ಕಳಿಲ್ಲ. ನಾನು ಹೋದ್ರೆ
ನನ್ನ ಕಂಸದೊಳಗೆ ಯಾರನ್ನ ಕೂರಿಸ್ತೀರಿ?"

ಕಂಡಕ್ಟರು ಬಂದ.
ಹೆಂಗಸರಿಗೆ ಶೂನ್ಯ ರೂಪಾಯಿಯ ಟಿಕೆಟ್ಟು, ಹರಿದು ಕೊಟ್ಟ.
ಅತ್ತೆ ಅದನ್ನು ಎರಡು ಮಡಿಕೆ ಮಾಡಿ
ಫೈಲಿನ ದಾರ ಬಿಚ್ಚಿ
ತಾತನ ಹೆಬ್ಬೆಟ್ಟಿನ ಹಾಳೆಯ ಹಿಂದೆ ಇಟ್ಟಳು.
"ಇರ್ಲಿ ಬಿಡು," ಅಂದಳು, "ರಸೀತಿ."